ಪಿಂಪ್ ಸಿ ಹೋದ ಮೇಲೆ ಬಂದ ಯುಜಿಕೆ ಆಲ್ಬಂ

ಹಾಡುಗಾರ ಸತ್ತ ಮೇಲೆ ಬರುವ ರ‍್ಯಾಪ್ ಆಲ್ಬಂ ಅಂದರೆ ನನಗೆ ಮೊದಲಿಂದಲೂ ಅನುಮಾನ. ಯಾವುದೋ ಹಾರ್ಡ್ ಡಿಸ್ಕಿನಲ್ಲಿ ಉಳಿದ ಎಂಟು ಸಾಲು ಹುಡುಕಿ ತೆಗೆಯುವುದು, ಅದಕ್ಕೆ ಯಾರದೋ ಬೀಟ್ ಹೊಂದಿಸುವುದು, ಆ ವರ್ಷ ಯಾರ ಮಾರ್ಕೆಟ್ ಚೆನ್ನಾಗಿದೆಯೋ ಅವರನ್ನು ಕರೆದು ಉಳಿದ ಜಾಗ ತುಂಬಿಸುವುದು, ಕವರ್ ಮೇಲೆ ಮೋಡ, ಬೆಳಕು, ರೆಕ್ಕೆ. ಮುಗೀತು. ಅಮೆರಿಕದ ರ‍್ಯಾಪರ್ ಟೂಪಾಕ್ ಬದುಕಿದ್ದಾಗ ತಂದ ಸೋಲೋ ಆಲ್ಬಂ ನಾಲ್ಕು, ಹೋದ ಮೇಲೆ ಬಂದವು ಅದಕ್ಕಿಂತ ಜಾಸ್ತಿ. ಅದರಲ್ಲಿ ಅವನದೆಷ್ಟು, ಕಂಪನಿಯದೆಷ್ಟು ಅಂತ ಕೇಳಿದರೆ ಅಭಿಮಾನಿಗಳ ನಡುವೆ ಇವತ್ತಿಗೂ ಜಗಳ ಆಗುತ್ತದೆ.

ಈ ಅನುಮಾನ ಇಟ್ಟುಕೊಂಡೇ ನಾನು ‘ಯುಜಿಕೆ 4 ಲೈಫ್’ ಕೇಳಿದ್ದು. 2009ರ ಮಾರ್ಚ್ 31ಕ್ಕೆ ಜೈವ್ ರೆಕಾರ್ಡ್ಸ್‌ನಿಂದ ಬಂದ ಆಲ್ಬಂ. ಅಷ್ಟರಲ್ಲಿ ಯುಜಿಕೆ ಅನ್ನುವ ಅಮೆರಿಕದ ರ‍್ಯಾಪ್ ಜೋಡಿಯಲ್ಲಿ ಒಬ್ಬನಾದ ಪಿಂಪ್ ಸಿ ತೀರಿಕೊಂಡು ಒಂದು ವರ್ಷದ ಮೇಲೆ ಆಗಿತ್ತು. ಉಳಿದವನು ಬನ್ ಬಿ ಒಬ್ಬನೇ. ಆದರೂ ಇದನ್ನು ಕೇಳುವಾಗ ಒಂದು ಕಡೆಯೂ ‘ಇಲ್ಲಿ ಆಳಿಲ್ಲ’ ಅನಿಸುವುದಿಲ್ಲ. ಪಿಂಪ್ ಸಿ ಬದುಕಿದ್ದಾಗಲೇ ಶುರುವಾಗಿದ್ದ ಕೆಲಸ, ಅವನದೇ ರುಚಿ, ಅವನದೇ ದನಿ. ಅವನು ಅರ್ಧಕ್ಕೆ ಬಿಟ್ಟಿದ್ದನ್ನು ಹದಿನೈದು ವರ್ಷಕ್ಕೂ ಜಾಸ್ತಿ ಜೊತೆಗಿದ್ದವನು ಕೂತು ಮುಗಿಸಿದ್ದಾನೆ. ನನಗೆ ಇಡೀ ವ್ಯತ್ಯಾಸ ಇರುವುದೇ ಅಲ್ಲಿ ಅನಿಸುತ್ತದೆ. ಯಾರು ಮುಗಿಸಿದರು ಅನ್ನುವುದರಲ್ಲಿ.

ಯುಜಿಕೆ ಅಂದರೆ ಅಂಡರ್‌ಗ್ರೌಂಡ್ ಕಿಂಗ್ಸ್. ಪಿಂಪ್ ಸಿಯ ನಿಜ ಹೆಸರು ಚಾಡ್ ಬಟ್ಲರ್, ಬನ್ ಬಿಯದು ಬರ್ನಾರ್ಡ್ ಫ್ರೀಮನ್. ಇಬ್ಬರೂ ಟೆಕ್ಸಸ್‌ನ ಪೋರ್ಟ್ ಆರ್ಥರ್ ಊರಿನವರು. ಹ್ಯೂಸ್ಟನ್‌ನಿಂದ ಪೂರ್ವಕ್ಕೆ ಕಾರಿನಲ್ಲಿ ಒಂದೂವರೆ ಗಂಟೆ ಹೋದರೆ ಸಿಗುವ ಊರು, ಇನ್ನು ಸ್ವಲ್ಪ ಆಚೆ ಹೋದರೆ ಲೂಸಿಯಾನಾ. 1901ರಲ್ಲಿ ಪಕ್ಕದ ಬೋಮಾಂಟ್ ಹತ್ತಿರ ಸ್ಪಿಂಡಲ್‌ಟಾಪ್‌ನಲ್ಲಿ ಎಣ್ಣೆ ಚಿಮ್ಮಿದ ಮೇಲೆ ಆ ಕಡೆಯೆಲ್ಲ ರಿಫೈನರಿಗಳು ಎದ್ದು ನಿಂತವು. ಪೋರ್ಟ್ ಆರ್ಥರ್ ಇವತ್ತಿಗೂ ರಿಫೈನರಿ ಊರೇ. ದುಡ್ಡು ಪೈಪಿನಲ್ಲಿ ಹರಿದು ಹೋಗುತ್ತದೆ, ಹೊಗೆ ಮಾತ್ರ ಊರಲ್ಲಿ ಉಳಿಯುತ್ತದೆ.

ಇನ್ನೊಂದು ವಿಷಯ. ರಾಕ್ ಗಾಯಕಿ ಜಾನಿಸ್ ಜಾಪ್ಲಿನ್ ಹುಟ್ಟಿದ್ದೂ ಇದೇ ಊರಿನಲ್ಲಿ, 1943ರಲ್ಲಿ. ಅವಳು 1970ರ ಅಕ್ಟೋಬರ್‌ನಲ್ಲಿ 27ನೇ ವಯಸ್ಸಿಗೆ ಹೋದಳು. ಅವಳ ಅತಿ ಹೆಸರಾದ ಆಲ್ಬಂ ‘ಪರ್ಲ್’ ಬಂದದ್ದು ಅದಾಗಿ ಮೂರು ತಿಂಗಳಿಗೆ, 1971ರ ಜನವರಿಯಲ್ಲಿ. ಅದರಲ್ಲಿ ‘ಬರೀಡ್ ಅಲೈವ್ ಇನ್ ದ ಬ್ಲೂಸ್’ ಅಂತ ಒಂದು ಟ್ರ್ಯಾಕ್ ಇದೆ. ಬ್ಯಾಂಡಿನವರು ವಾದ್ಯ ನುಡಿಸಿ ಇಟ್ಟಿದ್ದರು, ಅವಳು ಬಂದು ಹಾಡಬೇಕಿತ್ತು, ಬರಲಿಲ್ಲ. ಆ ಟ್ರ್ಯಾಕನ್ನು ಹಾಗೆಯೇ ಆಲ್ಬಂನಲ್ಲಿ ಇಟ್ಟರು. ಎರಡೂವರೆ ನಿಮಿಷ ಬರೀ ವಾದ್ಯ. ಬೇರೆ ಯಾರನ್ನೋ ಕರೆದು ಹಾಡಿಸಬಹುದಿತ್ತು, ತೆಗೆದೇ ಹಾಕಬಹುದಿತ್ತು, ಎರಡನ್ನೂ ಮಾಡಲಿಲ್ಲ. ಒಂದೇ ಊರಿನ ಇಬ್ಬರು, ಹೋದ ಮೇಲೆ ಬಂದ ಎರಡು ಒಳ್ಳೆಯ ಆಲ್ಬಂ. ಪೋರ್ಟ್ ಆರ್ಥರ್‌ಗೆ ಇದೊಂದು ವಿಚಿತ್ರ ಲೆಕ್ಕ.

ನಮಗೂ ಈ ಸಂಕಟ ಗೊತ್ತಿಲ್ಲದ್ದೇನಲ್ಲ. ಅಪ್ಪು ಹೋದ ಮೇಲೆ 2022ರ ಮಾರ್ಚ್ 17ಕ್ಕೆ ‘ಜೇಮ್ಸ್’ ಬಂದಾಗ ಅವರ ಪಾತ್ರಕ್ಕೆ ಶಿವಣ್ಣ ದನಿ ಕೊಟ್ಟಿದ್ದರು, ಆಮೇಲೆ ಅಪ್ಪು ದನಿಯಲ್ಲೇ ಇನ್ನೊಂದು ಸಲ ಬಿಟ್ಟರು. ಮೊದಲನೆಯದನ್ನು ನೋಡಿದವರಿಗೆ ಮುಖ ಒಂದು, ದನಿ ಇನ್ನೊಂದು ಆದಾಗ ಎದೆಯಲ್ಲಿ ಏನಾಗುತ್ತದೆ ಅಂತ ನಾನು ಹೇಳಬೇಕಾಗಿಲ್ಲ. ಅಲ್ಲೂ ಮುಗಿಸಿದವರು ಮನೆಯವರೇ ಅನ್ನುವುದೇ ಸಮಾಧಾನ.

ಸರಿ, ಪಿಂಪ್ ಸಿ ವಿಷಯಕ್ಕೆ ಬರೋಣ. ಇವನ ಬಗ್ಗೆ ಗೊತ್ತಿಲ್ಲದವರು ಬರೀ ರ‍್ಯಾಪರ್ ಅಂದುಕೊಳ್ಳುತ್ತಾರೆ. ಅವನು ಮೊದಲು ಸಂಗೀತಗಾರ. ಅಪ್ಪ ಟ್ರಂಪೆಟ್ ನುಡಿಸುತ್ತಿದ್ದವರು. ಮಲತಂದೆ ಶಾಲೆಯಲ್ಲಿ ಬ್ಯಾಂಡ್ ಕಲಿಸುತ್ತಿದ್ದವರು. ಹುಡುಗ ಡ್ರಂ ಮೆಷಿನ್ ಬಡಿಯುತ್ತಾ ಕೂತಿದ್ದಾಗ, ಇದು ಬರೀ ಸದ್ದು, ಇದಕ್ಕೆ ಸ್ವಲ್ಪ ಸಂಗೀತ ಸೇರಿಸು ಅಂದವರು ಅವರೇ. ಆ ಮಾತನ್ನು ಪಿಂಪ್ ಸಿ ಕೊನೆಯವರೆಗೂ ಬಿಡಲಿಲ್ಲ. ಯುಜಿಕೆಯ ಯಾವ ಹಾಡು ಹಾಕಿದರೂ ಮೊದಲು ಕಿವಿಗೆ ಬೀಳುವುದು ಚರ್ಚಿನಲ್ಲಿ ಕೇಳುವಂಥ ಆರ್ಗನ್, ಅದರ ಕೆಳಗೆ ದಪ್ಪ ಬೇಸ್, ಪಕ್ಕದಲ್ಲಿ ವಾ ವಾ ಅನ್ನುವ ಗಿಟಾರ್. ನ್ಯೂಯಾರ್ಕಿನವರು ಹಳೇ ರೆಕಾರ್ಡಿನಿಂದ ಎರಡು ಸೆಕೆಂಡ್ ಕತ್ತರಿಸಿ ಅದನ್ನೇ ತಿರುಗಿಸುತ್ತಿದ್ದ ಕಾಲದಲ್ಲಿ ಇವನು ಜನರನ್ನು ಸ್ಟುಡಿಯೋಗೆ ಕರೆಸಿ ಅವರ ಕೈಯಲ್ಲಿ ಗಿಟಾರ್ ನುಡಿಸಿಸುತ್ತಿದ್ದ. ತನ್ನದು ಹಿಪ್ ಹಾಪ್ ಅಲ್ಲ, ‘ಕಂಟ್ರಿ ರ‍್ಯಾಪ್ ಟ್ಯೂನ್ಸ್’ ಅಂತ ಹೇಳಿಕೊಳ್ಳುತ್ತಿದ್ದ. ಹಳ್ಳಿ ಕಡೆಯವರು ಅಂತ ಉತ್ತರದವರು ನಕ್ಕರೆ, ಹೌದು ಸ್ವಾಮಿ ನಾವು ಹಳ್ಳಿಯವರೇ, ಏನೀಗ ಅನ್ನುವ ಧಾಟಿ.

ಅಮ್ಮನ ಬಗ್ಗೆ ಹೇಳದಿದ್ದರೆ ತಪ್ಪಾಗುತ್ತದೆ. ವೆಸ್ಲಿನ್ ಮನ್ರೋ. ಎಲ್ಲರಿಗೂ ‘ಮಾಮಾ ವೆಸ್’. ಇವರೇ ಯುಜಿಕೆಯ ಮ್ಯಾನೇಜರ್. ಪಿಂಪ್, ಅಂದರೆ ತಲೆಹಿಡುಕ, ಅಂತ ಹೆಸರಿಟ್ಟುಕೊಂಡು ಬಾಯಿಗೆ ಬಂದದ್ದು ಹಾಡುವ ಮಗ, ಅವನ ಕಾರ್ಯಕ್ರಮದ ದುಡ್ಡು, ಲೆಕ್ಕ, ಕಾಗದಪತ್ರ ನೋಡಿಕೊಳ್ಳುವ ತಾಯಿ. ಈ ಜೋಡಿಯನ್ನು ನೆನೆಸಿಕೊಂಡಾಗೆಲ್ಲ ನನಗೆ ನಗು ಬರುತ್ತದೆ. 2013ರಲ್ಲಿ ಅವರೂ ತೀರಿಕೊಂಡರು.

1992ರಲ್ಲಿ ಇವರ ಮೊದಲ ಕ್ಯಾಸೆಟ್ ‘ದ ಸದರ್ನ್ ವೇ’ ಬಂತು. ಹ್ಯೂಸ್ಟನ್‌ನ ಒಂದು ಫ್ಲೀ ಮಾರ್ಕೆಟಿನಲ್ಲಿ ಕ್ಯಾಸೆಟ್ ಅಂಗಡಿ ಇಟ್ಟಿದ್ದವರ ‘ಬಿಗ್ ಟೈಮ್’ ಅನ್ನುವ ಪುಟ್ಟ ಕಂಪನಿಯಿಂದ. ಅದೇ ವರ್ಷ ಜೈವ್ ಅನ್ನುವ ದೊಡ್ಡ ಕಂಪನಿ ಕರೆದುಕೊಂಡಿತು. ಕರೆದುಕೊಂಡಿತು ಅಷ್ಟೇ, ಅವರನ್ನು ಏನು ಮಾಡಬೇಕು ಅಂತ ಕಂಪನಿಗೆ ಗೊತ್ತಾದಂತೆ ಕಾಣುವುದಿಲ್ಲ. 1996ರ ‘ರೈಡಿನ್ ಡರ್ಟಿ’ ನೋಡಿ. ಒಂದು ವಿಡಿಯೋ ಇಲ್ಲ, ರೇಡಿಯೋಗೆ ಅಂತ ಒಂದು ಸಿಂಗಲ್ ಇಲ್ಲ. ಆದರೂ ಅಮೆರಿಕದ ಆಲ್ಬಂ ಚಾರ್ಟ್ ಬಿಲ್ಬೋರ್ಡ್ 200ರಲ್ಲಿ 15ನೇ ಜಾಗಕ್ಕೆ ಬಂತು, ಗೋಲ್ಡ್ (ಐದು ಲಕ್ಷ ಪ್ರತಿ) ಆಯಿತು. ಕಾರಿನಿಂದ ಕಾರಿಗೆ, ಬಾಯಿಂದ ಬಾಯಿಗೆ ಹೋದ ಆಲ್ಬಂ ಅದು. ಅದರ ‘ಒನ್ ಡೇ’ ಹಾಡನ್ನು ಒಂದು ಸಲ ಕೇಳಿ. ಐಸ್ಲಿ ಬ್ರದರ್ಸ್ ಅನ್ನುವ ಹಳೇ ಸೋಲ್ ಗುಂಪಿನ ಹಾಡೊಂದರ ಮೇಲೆ ಕಟ್ಟಿದ್ದು. ಇವತ್ತು ಇದ್ದವರು ನಾಳೆ ಇಲ್ಲ ಅನ್ನುವುದೇ ಪಲ್ಲವಿ. ಆಗ ಪಿಂಪ್ ಸಿಗೆ 22 ವರ್ಷ.

ಆಮೇಲೆ ಹೆಸರು ಬಂತು, ಆದರೆ ಬೇರೆಯವರ ಹಾಡಿನಿಂದ. ಜೇ-ಝಡ್ ‘ಬಿಗ್ ಪಿಂಪಿನ್’ಗೆ ಕರೆದಾಗ ಪಿಂಪ್ ಸಿಗೆ ಇಷ್ಟವೇ ಇರಲಿಲ್ಲ. ಬೀಟ್ ತೀರಾ ಪಾಪ್ ಥರ ಇದೆ ಅಂತ ಅವನ ತಕರಾರು. ಕೊನೆಗೆ ಒಪ್ಪಿ ಬರೀ ಎಂಟು ಬಾರ್, ಅಂದರೆ ಎಂಟು ಸಾಲು, ಹಾಡಿದ. ವಿಡಿಯೋ ತೆಗೆಯಲು ಎಲ್ಲರೂ ಟ್ರಿನಿಡಾಡ್ ಕಾರ್ನಿವಲ್‌ಗೆ ಹೋದರೆ ಇವನು ಬರಲ್ಲ ಅಂದ. ಅವನ ಭಾಗವನ್ನು ಮಯಾಮಿಯಲ್ಲಿ ತೆಗೆಯಬೇಕಾಯಿತು, ಅಲ್ಲಿನ ಬಿಸಿಲಿನಲ್ಲಿ ಉದ್ದನೆಯ ತುಪ್ಪಳದ ಕೋಟು ಹಾಕಿಕೊಂಡು ನಿಂತ. ಆ ಹಾಡಿನಲ್ಲಿ ಜನಕ್ಕೆ ನೆನಪಿರುವುದು ಯಾವುದು ಹೇಳಿ? ಆ ಕೋಟು ಮತ್ತು ಆ ಎಂಟು ಬಾರ್.

ಮಾಲ್‌ನಲ್ಲಿ ಆದ ಒಂದು ಜಗಳ, ಅದರಲ್ಲಿ ಬಂದೂಕು ತೋರಿಸಿದ ಕೇಸು. ಕೋರ್ಟ್ ಹೇಳಿದ ಸಮಾಜಸೇವೆ ಮುಗಿಸಲಿಲ್ಲ ಅಂತ 2002ರಲ್ಲಿ ಜೈಲು. ಎಂಟು ವರ್ಷದ ಶಿಕ್ಷೆ, ಹೊರಗೆ ಬಂದದ್ದು 2005ರ ಡಿಸೆಂಬರ್ 30ಕ್ಕೆ. ಬನ್ ಬಿ ಎಂಥವನು ಅಂತ ಗೊತ್ತಾಗುವುದು ಈ ಅವಧಿಯಲ್ಲಿ. ಜೊತೆಗಾರ ಒಳಗೆ, ಗುಂಪು ಅರ್ಧ ಆಗಿದೆ. ಅವನು ಮಾಡಿದ್ದೇನು ಅಂದರೆ, ಯಾರು ಕರೆದರೂ ಹೋಗಿ ಅವರ ಹಾಡಿನಲ್ಲಿ ಒಂದು ವರ್ಸ್ (ಒಂದು ಚರಣ) ಹಾಡಿ ಬರುವುದು, ಹೋದಲ್ಲೆಲ್ಲ ‘ಫ್ರೀ ಪಿಂಪ್ ಸಿ’ ಅಂತ ಹೇಳಿ ಬರುವುದು. ಆ ನಾಲ್ಕು ವರ್ಷ ದಕ್ಷಿಣದ ಯಾವ ಆಲ್ಬಂ ತೆಗೆದರೂ ಬನ್ ಬಿ ಸಿಗುತ್ತಾನೆ. ಆ ಮಾತು ಟೀ ಶರ್ಟ್ ಮೇಲೆ ಬಂತು, ಬೇರೆ ರ‍್ಯಾಪರ್‌ಗಳ ಬಾಯಲ್ಲಿ ಬಂತು. ಪಿಂಪ್ ಸಿ ಜೈಲಿನಿಂದ ಹೊರಗೆ ಬರುವ ಹೊತ್ತಿಗೆ ಒಳಗೆ ಹೋದಾಗ ಇದ್ದದ್ದಕ್ಕಿಂತ ದೊಡ್ಡ ಹೆಸರಾಗಿದ್ದ. ಅದು ಜೊತೆಗಾರ ದುಡಿದು ಕೊಟ್ಟ ಹೆಸರು. ಸತ್ತವನ ಆಲ್ಬಂ ಮುಗಿಸುವ ಕೆಲಸಕ್ಕೆ ಬನ್ ಬಿಗೆ ಒಂದು ಥರದ ತಾಲೀಮು ಆಗಲೇ ಆಗಿತ್ತು ಅಂತ ನನಗೆ ಅನಿಸುವುದು ಇದಕ್ಕೇ. ಜಾಗ ಖಾಲಿ ಇದ್ದಾಗ ಅದನ್ನು ಖಾಲಿ ಅಂತ ತೋರಿಸದೆ ಕಾಯುವುದು ಅವನಿಗೆ ಗೊತ್ತಿತ್ತು.

2007ರ ಆಗಸ್ಟ್ 7ಕ್ಕೆ ‘ಅಂಡರ್‌ಗ್ರೌಂಡ್ ಕಿಂಗ್ಸ್’ ಅಂತ ಎರಡು ಸಿಡಿಯ ಆಲ್ಬಂ ತಂದರು. ಮೊದಲ ವಾರವೇ ಬಿಲ್ಬೋರ್ಡ್ 200ರಲ್ಲಿ ನಂಬರ್ 1. ಹದಿನೈದು ವರ್ಷ ಕಾದಿದ್ದಕ್ಕೆ ಸಿಕ್ಕಿದ್ದು. ‘ಇಂಟರ್‌ನ್ಯಾಷನಲ್ ಪ್ಲೇಯರ್ಸ್ ಆಂಥಮ್’ ಇರುವುದು ಇದರಲ್ಲೇ, ಅಟ್ಲಾಂಟಾದ ಜೋಡಿ ಔಟ್‌ಕಾಸ್ಟ್ ಜೊತೆ. ವಿಲ್ಲಿ ಹಚ್ ಹಳೇ ಹಾಡಿನ ದನಿ, ಆ ಜೋಡಿಯ ಆಂಡ್ರೆ 3000 ಡ್ರಂ ಇಲ್ಲದೆ ಸುಮ್ನೆ ಮಾತಾಡಿದ ಹಾಗೆ ಮದುವೆ ವಿಷಯ ಶುರು ಮಾಡುತ್ತಾನೆ, ಹೇಳುತ್ತಾ ಹೋಗುತ್ತಾನೆ, ನೀವು ಡ್ರಂ ಯಾವಾಗ ಬರುತ್ತದೆ ಅಂತ ಕಾಯುತ್ತಿರುತ್ತೀರಿ. ಬರುವುದು ಪಿಂಪ್ ಸಿ ಬಾಯಿ ತೆಗೆದಾಗ. ಸರಿಯಾಗಿ ಆಗಲೇ. ಅಷ್ಟು ಹೊತ್ತು ಮದುವೆಯ ಹಿತವಾದ ಮಾತು ಕೇಳಿದ ಮೇಲೆ ಆ ಮೂಗಿನ ದನಿ, ಆ ಎಳೆದು ಬಿಡುವ ಸ್ವರ ಬಾಗಿಲು ಒದ್ದುಕೊಂಡು ಒಳಗೆ ಬಂದ ಹಾಗಿರುತ್ತದೆ. ಈ ಹಾಡು ಗ್ರ್ಯಾಮಿಗೆ ನಾಮಿನೇಟ್ ಆಯಿತು. ಸಮಾರಂಭ ನಡೆದದ್ದು 2008ರ ಫೆಬ್ರವರಿಯಲ್ಲಿ. ಅಷ್ಟರಲ್ಲಿ ಅವನಿರಲಿಲ್ಲ.

2007ರ ಡಿಸೆಂಬರ್ 4ರಂದು ವೆಸ್ಟ್ ಹಾಲಿವುಡ್‌ನ ಒಂದು ಹೋಟೆಲ್ ಕೋಣೆಯಲ್ಲಿ ಅವನು ಸತ್ತು ಬಿದ್ದಿದ್ದ. ಮೂರು ದಿನದ ಹಿಂದೆ ಲಾಸ್ ಏಂಜಲೀಸ್‌ನಲ್ಲಿ ರ‍್ಯಾಪರ್ ಟೂ ಶಾರ್ಟ್ ಜೊತೆ ಕಾರ್ಯಕ್ರಮ ಕೊಟ್ಟಿದ್ದ. ವಯಸ್ಸು 33. ಪ್ರೋಮೆಥಝಿನ್ ಮತ್ತು ಕೋಡಿನ್ ಇರುವ ಕೆಮ್ಮಿನ ಸಿರಪ್, ಜೊತೆಗೆ ಮೊದಲೇ ಇದ್ದ ಸ್ಲೀಪ್ ಅಪ್ನಿಯಾ. ನಿದ್ದೆಯಲ್ಲಿ ಉಸಿರು ನಿಂತು ನಿಂತು ಬರುವ ಕಾಯಿಲೆ ಇದ್ದವನಿಗೆ ಉಸಿರನ್ನು ಇನ್ನೂ ಮಂದ ಮಾಡುವ ಔಷಧಿ. ಹ್ಯೂಸ್ಟನ್ ಕಡೆಯ ರ‍್ಯಾಪ್‌ನಲ್ಲಿ ಈ ಸಿರಪ್‌ನ ನಶೆಯ ಹೊಗಳಿಕೆ ಎಷ್ಟು ಅಂದರೆ, ಲೆಕ್ಕ ಇಡಲು ಹೋಗಬೇಡಿ. ಅಲ್ಲಿನ ಸಂಗೀತವನ್ನೇ ನಿಧಾನ ಮಾಡಿ ಹೊಸ ರೂಪ ಕೊಟ್ಟ ಡಿಜೆ ಸ್ಕ್ರೂ 2000ದ ನವೆಂಬರ್‌ನಲ್ಲಿ ಕೋಡಿನ್‌ನಿಂದಲೇ ಹೋದ, ಆಗ ಅವನಿಗೆ 29. ಅದೇ ವರ್ಷ ಮೆಂಫಿಸ್ ಊರಿನ ತ್ರೀ 6 ಮಾಫಿಯಾ ಗುಂಪಿನ ಜೊತೆ ಸಿರಪ್ ಮೇಲೆ ಒಂದು ಹಿಟ್ ಹಾಡು ಹಾಡಿದ್ದು ಇದೇ ಯುಜಿಕೆ. ಅದನ್ನು ಈಗ ಕೇಳಿದರೆ ಬೀಟ್ ಇನ್ನೂ ಚೆನ್ನಾಗಿಯೇ ಇದೆ, ಖುಷಿ ಮಾತ್ರ ಬರುವುದಿಲ್ಲ.

ಈಗ ಆಲ್ಬಂ.

ನನಗೆ ಮೊದಲು ಹಿಡಿಸಿದ್ದು ಇದರಲ್ಲಿ ಅಳು ಇಲ್ಲದಿರುವುದು. ಹೋದವನ ಬಗ್ಗೆ ಪಿಯಾನೋ ಇಟ್ಟುಕೊಂಡು ಹಾಡುವ ಹಾಡನ್ನು ಬನ್ ಬಿ ಅಷ್ಟರಲ್ಲಿ ತನ್ನ 2008ರ ಸೋಲೋ ಆಲ್ಬಂನಲ್ಲಿ ಹಾಡಿ ಮುಗಿಸಿದ್ದ. ಇಲ್ಲಿಗೆ ಅದನ್ನು ತರಲಿಲ್ಲ. ಇಲ್ಲಿ ಇಬ್ಬರೂ ಬದುಕಿದ್ದಾರೆ. ಒಬ್ಬನ ವರ್ಸ್ ಮುಗಿದರೆ ಇನ್ನೊಬ್ಬನದು ಶುರು. ಪಿಂಪ್ ಸಿ ಮೇಲಿನ ದನಿಯಲ್ಲಿ ಕಿಚಾಯಿಸುತ್ತಾನೆ, ಬನ್ ಬಿ ಕೆಳಗಿನ ದನಿಯಲ್ಲಿ ಇಟ್ಟಿಗೆ ಜೋಡಿಸಿದ ಹಾಗೆ ಪದ ಜೋಡಿಸುತ್ತಾನೆ. 1992ರಿಂದ ಇದೇ ಆಟ. ಬದಲಾಯಿಸಿದ್ದರೆ ಅದು ಯುಜಿಕೆ ಆಗುತ್ತಿರಲಿಲ್ಲ.

‘ದ ಪಿಂಪ್ ಆಂಡ್ ದ ಬನ್’ ಅಂತ ಒಂದು ಹಾಡಿದೆ, ಅದರಲ್ಲಿ ರೊನಾಲ್ಡ್ ಐಸ್ಲಿ ಹಾಡಿದ್ದಾರೆ. ಐಸ್ಲಿ ಬ್ರದರ್ಸ್‌ನ ರೊನಾಲ್ಡ್ ಐಸ್ಲಿ! 1996ರಲ್ಲಿ ಇವರ ರೆಕಾರ್ಡಿನ ತುಂಡು ಇಟ್ಟುಕೊಂಡು ‘ಒನ್ ಡೇ’ ಕಟ್ಟಿದ ಹುಡುಗರ ಕೊನೆಯ ಆಲ್ಬಂಗೆ ಆ ದನಿಯ ಒಡೆಯರೇ ಬಂದಿದ್ದಾರೆ. ಇದನ್ನು ಬನ್ ಬಿ ಎಲ್ಲೂ ಎತ್ತಿ ತೋರಿಸುವುದಿಲ್ಲ, ನೋಡಿ ಎಂಥ ಕಾಕತಾಳೀಯ ಅಂತ ಹೇಳುವುದಿಲ್ಲ. ಹಾಡು ಬರುತ್ತದೆ, ಆ ಮುದುಕರ ರೇಷ್ಮೆ ಗಂಟಲು ಬರುತ್ತದೆ, ಹೋಗುತ್ತದೆ. ಗೊತ್ತಿದ್ದವರಿಗೆ ಗೊತ್ತಾಗುತ್ತದೆ.

ಉಳಿದ ಅತಿಥಿಗಳನ್ನು ನೋಡಿದರೂ ಇದೇ. ‘ಯೂಸ್ಡ್ ಟು ಬಿ’ಯಲ್ಲಿ ಮೆಂಫಿಸ್‌ನ 8ಬಾಲ್ ಮತ್ತು ಎಂಜೆಜಿ, ಕ್ಯಾಲಿಫೋರ್ನಿಯಾದ ವಲೇಹೋ ಊರಿನ ಇ-40 ಮತ್ತು ಬಿ-ಲೆಜಿಟ್. ಇನ್ನೊಂದರಲ್ಲಿ ಟೂ ಶಾರ್ಟ್ ಮತ್ತು ಸ್ನೂಪ್ ಡಾಗ್. ಬ್ಯಾಟನ್ ರೂಜ್‌ನ ಬೂಸಿ ಮತ್ತು ವೆಬ್ಬಿ ಒಂದು ಹಾಡಿನಲ್ಲಿದ್ದಾರೆ, ಅದರ ಹೆಸರನ್ನು ಇಲ್ಲಿ ಬರೆಯಲಾರೆ, ಮನೆಯಲ್ಲಿ ಹಿರಿಯರೂ ಇದನ್ನು ಓದುತ್ತಾರೆ. ಇವರಲ್ಲಿ ಬಹುಪಾಲು ಯುಜಿಕೆ ಥರವೇ ಕಾರ್ ಡಿಕ್ಕಿಯಲ್ಲಿ ಕ್ಯಾಸೆಟ್ ಇಟ್ಟುಕೊಂಡು ಮಾರಿ ಮೇಲೆ ಬಂದ ಕಾಲದವರು, ಇಲ್ಲವೇ ಆ ದಾರಿ ಹಿಡಿದ ಅಕ್ಕಪಕ್ಕದ ಊರಿನವರು. ಪಿಂಪ್ ಸಿ ಬದುಕಿದ್ದರೆ ಕರೆಯುತ್ತಿದ್ದವರೇ. 2009ರಲ್ಲಿ ಚಾರ್ಟಿನ ತುದಿಯಲ್ಲಿ ಯಾರಿದ್ದರು ಅಂತ ನೋಡಿ ಕರೆದ ಪಟ್ಟಿ ಇದಲ್ಲ. ಒಂದೇ ಒಂದು ಅಪವಾದ ‘ಹಾರ್ಡ್ ಆಸ್ ಹೆಲ್’, ಅದರಲ್ಲಿ ಪಾಪ್ ಹಾಡುಗಾರ ಏಕಾನ್ ಇದ್ದಾನೆ. ಆ ಕಾಲದಲ್ಲಿ ಏಕಾನ್ ಇಲ್ಲದ ಆಲ್ಬಂ ಹುಡುಕುವುದೇ ಕಷ್ಟ ಇತ್ತು ಬಿಡಿ. ನನಗೆ ಇಡೀ ಆಲ್ಬಂನಲ್ಲಿ ಬೇಡ ಅನಿಸುವುದು ಇದೊಂದೇ. ಆ ಹಾಡು ಬಂದ ಕೂಡಲೇ ಪೋರ್ಟ್ ಆರ್ಥರ್ ಮಾಯ ಆಗಿ ಏರ್‌ಪೋರ್ಟ್ ಬಾರ್ ಎದುರಿಗೆ ಬರುತ್ತದೆ.

ಅಟ್ಲಾಂಟಾದವರ ಕಥೆ ಇನ್ನೂ ಮಜಾ. 2007ರ ಬೇಸಿಗೆಯಲ್ಲಿ ಪಿಂಪ್ ಸಿ ರೇಡಿಯೋಗೆ ಫೋನ್ ಮಾಡಿ, ಪತ್ರಿಕೆಗೆ ಸಂದರ್ಶನ ಕೊಟ್ಟು ಎಲ್ಲರ ಮೇಲೂ ಹರಿಹಾಯ್ದಿದ್ದ. ಅದರಲ್ಲಿ ಒಂದು ವಾದ: ಅಟ್ಲಾಂಟಾ ದಕ್ಷಿಣವೇ ಅಲ್ಲ, ಯಾಕಂದರೆ ಅಲ್ಲಿನ ಗಡಿಯಾರ ಪೂರ್ವದ ಟೈಮ್ ಝೋನ್‌ನಲ್ಲಿದೆ! ಹ್ಯೂಸ್ಟನ್, ಮೆಂಫಿಸ್, ನ್ಯೂ ಆರ್ಲಿಯನ್ಸ್ ಎಲ್ಲ ಸೆಂಟ್ರಲ್ ಟೈಮ್, ಅದೇ ನಿಜವಾದ ದಕ್ಷಿಣ ಅಂತೆ. ಇಷ್ಟು ಗಂಭೀರವಾಗಿ ಇಷ್ಟು ತಮಾಷೆಯ ವಾದವನ್ನು ನಾನು ಬೇರೆ ಯಾರ ಬಾಯಲ್ಲೂ ಕೇಳಿಲ್ಲ. ಈಗ ‘ಯುಜಿಕೆ 4 ಲೈಫ್’ ತೆಗೆಯಿರಿ. ಅಟ್ಲಾಂಟಾದ ಸ್ಲೀಪಿ ಬ್ರೌನ್ ಒಂದು ಹಾಡಿನಲ್ಲಿ, ಗುಡಿ ಮಾಬ್‌ನ ಬಿಗ್ ಗಿಪ್, ಅವನೂ ಅಟ್ಲಾಂಟಾದವನೇ, ಇನ್ನೊಂದರಲ್ಲಿ. ಅವನು ಬೈದದ್ದು ಊರನ್ನು, ಗೆಳೆಯರನ್ನಲ್ಲ.

‘ಡ ಗೇಮ್ ಬೀನ್ ಗುಡ್ ಟು ಮಿ’ ಕೊನೆಗೆ ಬರುತ್ತದೆ, ಅದಾದ ಮೇಲೆ ಔಟ್ರೋ, ಅಂದರೆ ಮುಕ್ತಾಯದ ತುಣುಕು, ಅಷ್ಟೇ. ಈ ಆಟ ನನಗೆ ಒಳ್ಳೇದನ್ನೇ ಮಾಡಿದೆ ಅನ್ನುವ ಹಾಡು. ಹಾಡಿದವನಿಗೆ ಇದು ವಿದಾಯ ಅಂತ ಗೊತ್ತಿರಲಿಲ್ಲ. ಕಾರು, ದುಡ್ಡು, ಜಂಬ, ಎಂದಿನ ಸರಕೇ ಅದು. ಅದನ್ನು ತೆಗೆದು ಕೊನೆಗೆ ಇಟ್ಟರೆ ಅರ್ಥ ಬೇರೆ ಆಗುತ್ತದೆ, ಒಂದು ಪದವನ್ನೂ ಬದಲಾಯಿಸದೆ. ಹೋದವನ ಹಾಡಿನ ಮೇಲೆ ಇದ್ದವನು ಮಾಡಬಹುದಾದ ಕೆಲಸ ಇಷ್ಟೇ ಇರಬೇಕು ಅಂತ ನನ್ನ ಅಭಿಪ್ರಾಯ.

ಆಲ್ಬಂ ಬಿಲ್ಬೋರ್ಡ್ 200ರಲ್ಲಿ 6ನೇ ಜಾಗಕ್ಕೆ ಬಂತು. ಹಿಂದಿನದರಷ್ಟು ಸದ್ದು ಮಾಡಲಿಲ್ಲ. ನಂಬರ್ 1 ಆದ ಆ ಎರಡು ಸಿಡಿಯ ಆಲ್ಬಂಗಿಂತ ಇದೇ ನನಗೆ ಇಷ್ಟ ಅಂದರೆ ಯುಜಿಕೆ ಭಕ್ತರು ಹೊಡೆಯಲು ಬರಬಹುದು. ಅದರಲ್ಲಿ ಒಳ್ಳೆಯ ಹಾಡು ಜಾಸ್ತಿ ಇವೆ, ಒಪ್ಪುತ್ತೇನೆ, ಸುಮ್ನೆ ತುಂಬಿಸಿದ್ದೂ ಜಾಸ್ತಿ ಇದೆ. ಇದು ಬಿಗಿಯಾಗಿದೆ.

ಹೇಳಲೇಬೇಕಾದ ಇನ್ನೊಂದು ಮಾತು. ಇವರ ಸಾಹಿತ್ಯದಲ್ಲಿ ಹೆಂಗಸರ ಬಗ್ಗೆ ಬರುವ ಮಾತು ಕೇಳಿದರೆ ಮೈ ಉರಿಯುತ್ತದೆ. ಹೆಸರೇ ಪಿಂಪ್ ಅಂತ ಇಟ್ಟುಕೊಂಡವನಿಂದ ಬೇರೇನು ನಿರೀಕ್ಷೆ ಮಾಡುತ್ತೀರಿ ಅಂತ ಕೇಳಬಹುದು. ‘ಅದು ಪಾತ್ರ’, ‘ಅದು ಆ ಕಾಲ’ ಅಂತ ಸಮರ್ಥನೆ ಕೊಡುವವರೂ ಇದ್ದಾರೆ. ನಾನು ಕೊಡುವುದಿಲ್ಲ. ಆರ್ಗನ್ ಚೆನ್ನಾಗಿದೆ, ಬೇಸ್ ಚೆನ್ನಾಗಿದೆ, ದನಿ ಅದ್ಭುತ, ಆ ಸಾಲುಗಳು ಕೆಟ್ಟದಾಗಿವೆ. ನಾಲ್ಕೂ ಒಟ್ಟಿಗೇ ನಿಜ. ಮನೆಯಲ್ಲಿ ಸ್ಪೀಕರ್‌ನಲ್ಲಿ ಹಾಕಬೇಡಿ, ಅಷ್ಟೇ.

ಇದಾದ ಮೇಲೆ ಏನಾಯಿತು ಅನ್ನುವುದನ್ನು ನೋಡಿದರೆ ಈ ಆಲ್ಬಂ ಬೆಲೆ ಇನ್ನೂ ಚೆನ್ನಾಗಿ ತಿಳಿಯುತ್ತದೆ. ಇದು ಯುಜಿಕೆಯ ಕೊನೆಯ ಆಲ್ಬಂ ಅಂತಲೇ ಹೊರಗೆ ಬಂದದ್ದು, ಆ ಮಾತು ಉಳಿಯಿತು. ಆದರೆ ಪಿಂಪ್ ಸಿ ಹೆಸರಿನಲ್ಲಿ ಸೋಲೋ ಆಲ್ಬಂಗಳು ಬರುತ್ತಲೇ ಹೋದವು. 2010ರ ಅಕ್ಟೋಬರ್‌ನಲ್ಲಿ ರ‍್ಯಾಪ್-ಎ-ಲಾಟ್ ಕಂಪನಿಯಿಂದ ‘ದ ನೇಕೆಡ್ ಸೋಲ್ ಆಫ್ ಸ್ವೀಟ್ ಜೋನ್ಸ್’, 2011ರಲ್ಲಿ ‘ಸ್ಟಿಲ್ ಪಿಂಪಿಂಗ್’, 2015ರಲ್ಲಿ ‘ಲಾಂಗ್ ಲಿವ್ ದ ಪಿಂಪ್’. ಕೊನೆಯದು ಬಂದದ್ದು ಡಿಸೆಂಬರ್ 4ಕ್ಕೆ, ಅವನು ಹೋದ ತಾರೀಖಿಗೇ. ಮೊದಲನೆಯದರಲ್ಲಿ ಬನ್ ಬಿ ಜೊತೆ ಕೆನಡಾದ ರ‍್ಯಾಪರ್ ಡ್ರೇಕ್ ಇರುವ ಹಾಡಿದೆ. ಡ್ರೇಕ್‌ಗೆ ಹ್ಯೂಸ್ಟನ್ ಸಂಗೀತದ ಮೇಲೆ ಪ್ರೀತಿ ಇದೆ, ಸುಳ್ಳಲ್ಲ. ಆದರೆ ಅವನು ಎಲ್ಲರಿಗೂ ಗೊತ್ತಾದದ್ದೇ 2009ರಲ್ಲಿ. ಪಿಂಪ್ ಸಿ ವರ್ಸ್ ಒಂದು ಕಡೆ, ಡ್ರೇಕ್ ಇನ್ನೊಂದು ಕಡೆ. ಇಬ್ಬರೂ ಒಂದೇ ಹಾಡಿನಲ್ಲಿದ್ದಾರೆ, ಒಂದೇ ಕೋಣೆಯಲ್ಲಿಲ್ಲ, ಅದು ಕಿವಿಗೆ ಗೊತ್ತಾಗುತ್ತದೆ. ಪಿಂಪ್ ಸಿ ಬರೀ ದನಿ ಆಗಿದ್ದರೆ ಈ ಜೋಡಣೆ ನಡೆಯುತ್ತಿತ್ತೋ ಏನೋ. ಅವನು ಆ ಆರ್ಗನ್ ಕೂಡ ಆಗಿದ್ದ. ದನಿ ಮಾತ್ರ ಎತ್ತಿಕೊಂಡು ಬೇರೆ ಬೀಟ್ ಮೇಲೆ ಇಟ್ಟರೆ ಅರ್ಧ ಮನುಷ್ಯ ಬಂದ ಹಾಗೆ.

ಹಾಗಂತ ಎಲ್ಲವೂ ಹೀಗೇ ಅಲ್ಲ. 2015ರಲ್ಲಿ ಏಸ್ಯಾಪ್ ರಾಕಿಯ ಆಲ್ಬಂನಲ್ಲಿ ‘ವೇವಿಬೋನ್’ ಅಂತ ಒಂದು ಹಾಡು ಬಂತು, ಯುಜಿಕೆ ಮತ್ತು ತ್ರೀ 6 ಮಾಫಿಯಾದ ಜೂಸಿ ಜೆ ಇದ್ದಾರೆ. ರಾಕಿ ನ್ಯೂಯಾರ್ಕಿನ ಹಾರ್ಲೆಮ್‌ನವನು, ಟೆಕ್ಸಸ್ ಸಂಗೀತ ಕೇಳಿ ಬೆಳೆದವನು. ಅದರಲ್ಲಿ ಪಿಂಪ್ ಸಿ ವರ್ಸ್ ಬಂದಾಗ ತೇಪೆ ಕಾಣುವುದಿಲ್ಲ. ಬೀಟ್ ಮಾಡಿದವರಿಗೆ ಅವನ ರುಚಿ ಗೊತ್ತಿತ್ತು, ಜೂಸಿ ಜೆ ಅವನ ಹಳೇ ಪರಿಚಯ, ಬನ್ ಬಿ ಪಕ್ಕದಲ್ಲೇ ಇದ್ದ.

ಬನ್ ಬಿ ಪೂರ್ತಿ ಮಡಿವಂತ ಅಂತಲೂ ತಿಳಿಯಬೇಡಿ. 2010ರ ಅವನ ಸೋಲೋ ಆಲ್ಬಂ ‘ಟ್ರಿಲ್ ಓಜಿ’ಯಲ್ಲಿ ಒಂದು ಹಾಡಿದೆ, ಅದರಲ್ಲಿ ಪಿಂಪ್ ಸಿ ಜೊತೆ ಟೂಪಾಕ್ ಕೂಡ! 1996ರಲ್ಲಿ ಹೋದವನು, 2007ರಲ್ಲಿ ಹೋದವನು, ಇಬ್ಬರನ್ನೂ ಒಂದೇ ಬೀಟ್ ಮೇಲೆ ಕೂರಿಸಿ ಮೇಲೆ ಟ್ರೇ ಸಾಂಗ್ಸ್ ಕೈಯಲ್ಲಿ ಪಲ್ಲವಿ ಹಾಡಿಸಿದ್ದಾನೆ. ನಾನು ಮೊದಲ ಪ್ಯಾರಾದಲ್ಲಿ ಬೈದ ಕೆಲಸ ಇದೇ. ಕೇಳಲು ಕೆಟ್ಟದಾಗಿದೆಯಾ? ಇಲ್ಲ, ಅದೇ ಬೇಜಾರು. ‘ಯುಜಿಕೆ’ ಅನ್ನುವ ಹೆಸರಿನ ಕೆಳಗೆ ಮಾತ್ರ ಅವನು ಇಂಥದ್ದನ್ನು ಮಾಡಲಿಲ್ಲ. ಆ ಹೆಸರಿಗೆ ಬೇರೆ ನಿಯಮ ಇಟ್ಟುಕೊಂಡ ಅನಿಸುತ್ತದೆ.

ಈಗ ಅವನು ಹ್ಯೂಸ್ಟನ್‌ನ ಹಿರಿಯ. 2011ರಲ್ಲಿ ರೈಸ್ ಯೂನಿವರ್ಸಿಟಿಯಲ್ಲಿ ಪ್ರೊಫೆಸರ್ ಒಬ್ಬರ ಜೊತೆ ಸೇರಿ ಧರ್ಮ ಮತ್ತು ಹಿಪ್ ಹಾಪ್ ಬಗ್ಗೆ ಪಾಠ ಮಾಡಿದ. 2022ರಲ್ಲಿ ಹ್ಯೂಸ್ಟನ್ ರೋಡಿಯೋದ ವೇದಿಕೆಗೆ ಊರಿನ ರ‍್ಯಾಪರ್‌ಗಳನ್ನೆಲ್ಲ ಕರೆದುಕೊಂಡು ಹತ್ತಿದ. ಬರ್ಗರ್ ಅಂಗಡಿ ಬೇರೆ ಇಟ್ಟಿದ್ದಾನೆ, ‘ಟ್ರಿಲ್ ಬರ್ಗರ್ಸ್’, ಒಂದು ಟಿವಿ ಕಾರ್ಯಕ್ರಮದ ಸ್ಪರ್ಧೆಯಲ್ಲಿ ದೇಶಕ್ಕೇ ಮೊದಲನೆಯದಾಗಿ ಗೆದ್ದಿತು. ಹ್ಯೂಸ್ಟನ್‌ನಲ್ಲಿ ಇರುವ ನಮ್ಮವರು ಯಾರಾದರೂ ಇದನ್ನು ಓದುತ್ತಿದ್ದರೆ, ತಿಂದು ಹೇಗಿದೆ ಹೇಳಿ.

ಹೊಸದಾಗಿ ಕೇಳುವವರು ನೇರ ಈ ಆಲ್ಬಂಗೆ ಬರಬೇಡಿ. ಮೊದಲು ‘ರೈಡಿನ್ ಡರ್ಟಿ’ ಕೇಳಿ, ರಾತ್ರಿ ಹೊತ್ತು, ಕಾರಿನಲ್ಲಾದರೆ ಇನ್ನೂ ಒಳ್ಳೆಯದು. ಆಮೇಲೆ ‘ಪ್ಲೇಯರ್ಸ್ ಆಂಥಮ್’. ಅಷ್ಟರಲ್ಲಿ ಆ ಮೂಗಿನ ದನಿ ಪರಿಚಯ ಆಗಿರುತ್ತದೆ. ಆಮೇಲೆ ‘ಯುಜಿಕೆ 4 ಲೈಫ್’ ಹಾಕಿ. ಏಕಾನ್ ಹಾಡು ಬಂದಾಗ ಮುಂದಕ್ಕೆ ಹಾರಿಸಿದರೂ ನನ್ನದೇನೂ ಅಭ್ಯಂತರ ಇಲ್ಲ.